ಹತ್ತು ಎಚ್.ಪಿ. ಮೋಟಾರು, ನೂರು ಆಳು

ಬೆಟಗೇರಿಯಲ್ಲಿ ನಮ್ಮದೊಂದು ಹಿಟ್ಟಿನ ಗಿರಣಿ ಇದೆ. ಹತ್ತು ಎಚ್.ಪಿ. ಮೋಟಾರು. ಒಂದು ಎಚ್.ಪಿ. ಅಂದ್ರೆ 746 ವ್ಯಾಟ್. ಗಟ್ಟಿಮುಟ್ಟಾದ ಆಳು ದಿನವಿಡೀ ದುಡಿದರೆ ಸುಮಾರು 75 ವ್ಯಾಟ್ ಕೊಟ್ಟಾನು. ಲೆಕ್ಕ ಹಾಕಿ, ಸ್ವಿಚ್ ಒತ್ತಿದರೆ ನೂರು ಆಳಿನ ದುಡಿಮೆ! ತಾಸಿಗೆ ಎಂಟೊಂಬತ್ತು ಯೂನಿಟ್, ಅಷ್ಟೇ ಅವರ ಕೂಲಿ.

ನಮ್ಮ ಆಯಿ ಕೋಳಿ ಕೂಗೋ ಮುಂಚೆ ಎದ್ದು ಬೀಸುಕಲ್ಲಿನ ಮುಂದೆ ಕೂರುತ್ತಿದ್ದಳು. ಬೀಸೋ ಪದಗಳನ್ನು ಈಗ ಎಲ್ಲರೂ ಹೊಗಳುತ್ತಾರೆ. ಹೊಗಳುವವರ ರಟ್ಟೆ ನೋಯಲ್ಲ ನೋಡಿ.

ಅಪ್ಪನ ಕಾಲಕ್ಕೆ ಡೀಸೆಲ್ ಎಂಜಿನ್ ಬಂತು. ಎರಡು ದೊಡ್ಡ ಗಾಲಿ, ಪಕ್ಕದಲ್ಲಿ ನೀರಿನ ತೊಟ್ಟಿ. ಲಿವರ್ ಎತ್ತಿ ಹಿಡಿದು ಹ್ಯಾಂಡಲ್ ತಿರುಗಿಸಬೇಕು, ಗಾಲಿ ವೇಗಕ್ಕೆ ಬಂದಾಗ ಲಿವರ್ ಬಿಡಬೇಕು. ಹ್ಯಾಂಡಲ್ ಕಳಚದಿದ್ರೆ ಮುಂಗೈಗೇ ಪೆಟ್ಟು. ಆದ್ರೆ ಒಮ್ಮೆ ಹಚ್ಚಿದರೆ ನಡುರಾತ್ರಿಯಲ್ಲೂ ಬೀಸಬಹುದಿತ್ತು. ಮೈಸೂರು ಸಂಸ್ಥಾನದಲ್ಲಿ 1902ರಲ್ಲೇ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ಕರೆಂಟು ಹೋಗಿತ್ತು. ನಾವು ಮುಂಬೈ ಪ್ರಾಂತ್ಯದವರು, ನಮ್ಮ ಗಿರಣಿಗೆ ಬರಲು ಬಹಳ ಕಾಲ ಹಿಡೀತು.

ಡೀಸೆಲ್ಲು, ಕಲ್ಲಿದ್ದಲು ನಮಗೆ ಕೊಟ್ಟಿದ್ದು ಬರೀ ಶಕ್ತಿ ಅಲ್ಲ. ಬೇಕಾದ ಹೊತ್ತಿಗೆ ಬೇಕಾದ ಕೆಲಸ ಮಾಡೋ ಅನುಕೂಲ. ಕಪ್ಪತಗುಡ್ಡದ ಕಡೆ ಸಾಲಾಗಿ ನಿಂತ ಗಾಳಿ ಫ್ಯಾನುಗಳಿಗೆ ಆ ಗುಣ ಇಲ್ಲ. ಗಾಳಿಯ ವೇಗ ಎರಡು ಪಟ್ಟಾದ್ರೆ ಶಕ್ತಿ ಎಂಟು ಪಟ್ಟು. ಆಷಾಢದಲ್ಲಿ ಭರ್ರೋ ಅಂತ ತಿರುಗುತ್ತವೆ, ಗಾಳಿ ಬಿದ್ದಾಗ ಸುಮ್ನೆ ನಿಲ್ಲುತ್ತವೆ. ಸೋಲಾರ್ ಅಂತೂ ಸಂಜೆಗೆ ಮಲಗುತ್ತೆ.

ಅದಕ್ಕೇ ಶರಾವತಿಯಲ್ಲಿ ಮಿಕ್ಕ ಕರೆಂಟಿನಿಂದ ನೀರನ್ನು ಮೇಲಕ್ಕೆತ್ತಿ, ಬೇಕಾದಾಗ ಕೆಳಕ್ಕೆ ಬಿಡುವ 2,000 ಮೆಗಾವ್ಯಾಟ್ ಯೋಜನೆ ಹೊರಟಿದೆ. ಕಾಡು ಹೋಗುತ್ತೆ ಅಂತ ಜನ ವಿರೋಧಿಸ್ತಿದ್ದಾರೆ. ನನ್ನ ಕೇಳಿದ್ರೆ, ಕಾಡಿಗೆ ಕೈ ಹಾಕೋ ಮುಂಚೆ ಕೆಲಸದ ಹೊತ್ತು ಬದಲಿಸಿ ನೋಡೋಣ. ಆಸ್ಪತ್ರೆ ಕಾಯಲ್ಲ, ಗಿರಣಿ ಕಾಯುತ್ತೆ.

ಮಾಳಿಗೆ ಮೇಲೆ ಪ್ಯಾನೆಲ್ ಹಾಕಿಸಿದ ಮೇಲೆ ಗಿರಾಕಿಗಳಿಗೆ ಮಧ್ಯಾಹ್ನ ಬರ್ರಿ ಅಂದೆ. ಹೊಲಕ್ಕೆ ಹೋದ ಹೆಣ್ಮಕ್ಕಳು ವಾಪಸ್ ಬರೋದೇ ಸಂಜೆ. ವಾರದ್ದೆಲ್ಲ ಒಮ್ಮೆಗೇ ಬೀಸಿಡೋಣ ಅಂದ್ರೆ, ಜೋಳದ ಹಿಟ್ಟು ಹಳೇದಾದಷ್ಟೂ ರೊಟ್ಟಿ ಬಡಿಯುವಾಗ ಹರಿಯುತ್ತೆ. ಕೊನೆಗೆ ಡಬ್ಬಿಗೆ ಹೆಸರಿನ ಚೀಟಿ ಅಂಟಿಸಿ ಬೆಳಗ್ಗೆ ಬಿಟ್ಟು ಹೋಗ್ರಿ ಅಂದೆ. ಕೆಲವರು ಒಪ್ಪಿದ್ದಾರೆ. ಉಳಿದವರಿಗೆ ತಮ್ಮ ಜೋಳ ಕಣ್ಣೆದುರೇ ಬೀಸಬೇಕು. ಹಿಂದಿನವರ ಸಜ್ಜಿ ಹಿಟ್ಟು ಬೆರೆತೀತು ಅನ್ನೋ ಅನುಮಾನ. ಅದೇನೂ ಸುಳ್ಳಲ್ಲ ಬಿಡಿ, ಸ್ವಲ್ಪ ಬೆರೆಯುತ್ತೆ.