ಹಲಗೆ ಮೇಲೆ ಮುಂಗಾಲು

ತೀರ್ಥಹಳ್ಳಿ ಕಡೆಯ ಒಂದು ಮನೆ. ನಾನು ಪಶುವೈದ್ಯನಾಗಿ ಕೆಲಸಕ್ಕೆ ಸೇರಿ ವರ್ಷ ತುಂಬಿರಲಿಲ್ಲ. ಜರ್ಸಿ ಹಸು ಮೇವು ಬಿಟ್ಟಿದೆ, ಹಾಲು ಅರ್ಧಕ್ಕಿಳಿದಿದೆ ಎಂದು ಫೋನು. ಹೋದವನೇ ಹೆಲ್ಮೆಟ್ಟೂ ತೆಗೆಯದೆ ಹಿಂದಿನಿಂದ ಕೊಟ್ಟಿಗೆಗೆ ನುಗ್ಗಿದೆ. ಹಸುವಿಗೆ ಸುತ್ತಲೂ ಹೆಚ್ಚುಕಮ್ಮಿ 330 ಡಿಗ್ರಿ ಕಾಣುತ್ತದೆ, ಕಾಣದ್ದು ಮುಖ್ಯವಾಗಿ ಬೆನ್ನ ಹಿಂದಿನ ಸಂದು. ಇದನ್ನು ಪರೀಕ್ಷೆಯಲ್ಲಿ ಬರೆದು ಅಂಕ ತೆಗೆದುಕೊಂಡಿದ್ದ ನಾನು ಸರಿಯಾಗಿ ಅದೇ ಸಂದಿನಲ್ಲಿ ಬಂದಿದ್ದೆ. ಒದೆ ಮೊಣಕಾಲಿಗೆ ಬಿತ್ತು. ಇಬ್ಬರು ಹಿಡಿದುಕೊಂಡ ಮೇಲೆ ನೋಡಿದರೆ ಎದೆಬಡಿತ ನೂರರ ಮೇಲೆ, ಮೈಯೂ ಬಿಸಿ. ಜಗ್ಗಾಟಕ್ಕೇ ಇವೆರಡೂ ಏರುತ್ತವೆ ಎಂಬುದು ಆಗ ತಲೆಗೆ ಹೊಳೆಯಲಿಲ್ಲ. ಜ್ವರ ಎಂದೆ, ಇಂಜೆಕ್ಷನ್ ಚುಚ್ಚಿ ಹೊರಟೆ.

ಮೂರನೇ ದಿನ ಮತ್ತೆ ಕರೆ. ಈ ಸಲ ಮನೆಯ ಅಜ್ಜಿ ನನ್ನನ್ನು ಕೊಟ್ಟಿಗೆಗೇ ಬಿಡಲಿಲ್ಲ. "ನಿಮ್ಮನ್ನ ಕಂಡ್ರೆ ಅದು ಬೇರೆ ಹಸನೇ ಆಗ್ತದೆ ಡಾಕ್ಟ್ರೇ. ಇಲ್ಲೇ ಜಗಲೀಲಿ ಕೂತ್ಕೊಂಡು ನೋಡಿ."

ಕೂತೆ. ಕಾಫಿ ಬಂತು. ಹಸು ನನ್ನನ್ನು ಮರೆತಿತು. ಗೋದಲಿ ಬದಿಯ ಹಲಗೆಯ ಮೇಲೆ ಮುಂಗಾಲೆರಡನ್ನೂ ಏರಿಸಿ, ಬೆನ್ನು ಗೂನು ಮಾಡಿ, ಮುಂಗಾಲ ಮೊಣಕೈ ಹೊರಕ್ಕೆ ಚಾಚಿ ನಿಂತಿತ್ತು. ಕಾಲು ಗಂಟೆಯಲ್ಲಿ ಒಂದು ಮೆಲುಕೂ ಇಲ್ಲ. ಅಜ್ಜಿ ಹಗ್ಗ ಬಿಚ್ಚಿ ಅಂಗಳಕ್ಕೆ ಕರೆದರು. ಎರಡು ಮೆಟ್ಟಿಲು ಇಳಿಯುವಾಗ ಹಸು ನಿಂತು 'ಹ್ಞೂಂ' ಎಂದು ನರಳಿತು.

ಹೆಲ್ಮೆಟ್ ಜಗಲಿಯಲ್ಲೇ ಬಿಟ್ಟು, ಮಾತಾಡಿಸುತ್ತಾ ಭುಜದ ಪಕ್ಕಕ್ಕೆ ಹೋದೆ. ಅಜ್ಜಿ ಗಂಗೆದೊಗಲು ತುರಿಸುತ್ತಿದ್ದರು. ಹೆಗಲ ಮೇಲಿನ ಚರ್ಮ ಹಿಂಡಿದೆ. ಆರೋಗ್ಯದ ದನವಾದರೆ ಬೆನ್ನು ಕೆಳಕ್ಕೆ ತಗ್ಗಿಸುತ್ತದೆ. ಇದು ಸೆಟೆದು ನಿಂತು ಮತ್ತೆ ನರಳಿತು.

ಹೊಟ್ಟೆಯಲ್ಲಿ ತಂತಿ! ದನ ಮೇವನ್ನು ಆರಿಸಿ ತಿನ್ನುವುದಿಲ್ಲ, ಬಾಚಿ ನುಂಗುತ್ತದೆ. ಮೊಳೆ, ತಂತಿ ಇಳಿದು ಜೇನುಹುಟ್ಟಿನಂಥ ಎರಡನೇ ಹೊಟ್ಟೆಯಲ್ಲಿ ಕೂರುತ್ತವೆ. ಅದರ ಮುಂದೆ ಹೊಟ್ಟೆಗೂ ಎದೆಗೂ ನಡುವಿನ ಪರದೆಯಾದ ವಪೆ, ವಪೆಯಾಚೆ ಹೃದಯ. ಇಳಿಜಾರಿನಲ್ಲಿ ಹೊಟ್ಟೆಯ ಭಾರವೆಲ್ಲ ಮುಂದಕ್ಕೆ ಬಂದು ಚುಚ್ಚುತ್ತದೆ. ಬಾಯಿಂದ ಅಯಸ್ಕಾಂತ ಇಳಿಸಿ, ಆಂಟಿಬಯಾಟಿಕ್ ಹಾಕಿ, ಮುಂಗಾಲು ಎತ್ತರದಲ್ಲಿರುವಂತೆ ಕಟ್ಟಿ ಹಾಕುವುದು ಪುಸ್ತಕದ ಚಿಕಿತ್ಸೆ. ಕೊನೆಯದನ್ನು ಹಸು ನನಗಿಂತ ಮೊದಲೇ ಶುರು ಮಾಡಿಕೊಂಡಿತ್ತು.

ಅಯಸ್ಕಾಂತಕ್ಕೆ ಪೇಟೆಗೆ ಓಡಬೇಕಾಯಿತು. ಐದಾರು ದಿನಕ್ಕೆ ಮೆಲುಕು ಶುರುವಾಯಿತು. ಹಾಲು ಮಾತ್ರ ಆ ಸೂಲಿನಲ್ಲಿ ಮೊದಲಿನಷ್ಟು ಬರಲಿಲ್ಲ.

ಈಗಲೂ ಆ ಮನೆಗೆ ಹೋದರೆ ಜಗಲಿಯಲ್ಲಿ ಕೂತೇ ಕೂರುತ್ತೇನೆ. ಕಾಫಿ ಕುಡಿಯೋಕೆ ನೆಪ ಅನ್ನುತ್ತಾರೆ ಅಜ್ಜಿ.