ಒಬ್ಬರೇ ಕೂತು ಇಡೀ ವಾದ್ಯಗೋಷ್ಠಿ

ಇವತ್ತು ಪಾತ್ರೆ ತೊಳೆಯುತ್ತಿದ್ದಾಗ ಯೂಟ್ಯೂಬ್ ತನ್ನಷ್ಟಕ್ಕೆ ತಾನೇ ಒಂದು ಹಾಡು ಹಾಕಿತು. ಕೈಯೆಲ್ಲ ಸೋಪು, ಬದಲಾಯಿಸೋಕೂ ಆಗಲಿಲ್ಲ. ಸುಮ್ನೆ ಕೇಳಿದೆ.

‘ಶಾಪಿ ಶಾಪೋ’. 1974ರ ಫ್ರೆಂಚ್ ಟೀವಿಯ ಮಕ್ಕಳ ಕಾರ್ಯಕ್ರಮ. ದೊಡ್ಡ ಟೋಪಿಯ ಎರಡು ಪುಟಾಣಿ ಗೊಂಬೆಗಳು. ಸಂಗೀತವೂ ಆಟಿಕೆಗಳೇ ಎದ್ದು ನುಡಿಸಿದ ಹಾಗಿದೆ.

ಈ ಸಂಗೀತ ಮಾಡಿದವರು ಫ್ರಾನ್ಸ್ವಾ ದ ರೂಬೇ. 1967ರಲ್ಲಿ ನಟ ಅಲೈನ್ ದೆಲೋನ್ ಬಾಡಿಗೆ ಹಂತಕನ ಪಾತ್ರ ಮಾಡಿದ್ದ ‘ಲ ಸಾಮುರಾಯ್’ ಸಿನಿಮಾಗೆ ಆ ತಣ್ಣನೆಯ ಸಂಗೀತ ಕೊಟ್ಟವರೂ ಇವರೇ! ನಂಬೋಕೆ ಸ್ವಲ್ಪ ಕಷ್ಟ ಅಲ್ವಾ?

ಸಂಗೀತ ಶಾಲೆಗೆ ಹೋದವರಲ್ಲ. ಜಾಝ್ ಕೇಳಿ, ನುಡಿಸಿ, ತಾವೇ ಕಲಿತರು. ಪ್ಯಾರಿಸ್‌ನ ಮನೆಯಲ್ಲೇ ಸ್ಟುಡಿಯೋ. ಒಂದು ವಾದ್ಯ ನುಡಿಸಿ ಟೇಪಿಗೆ ಹಾಕುವುದು, ಅದರ ಮೇಲೆ ಇನ್ನೊಂದು, ಅದರ ಮೇಲೆ ಸಿಂಥಸೈಜರ್. ಈಗ ಲ್ಯಾಪ್‌ಟಾಪ್ ಇರುವ ಹುಡುಗರೆಲ್ಲ ಮಾಡುವುದು ಇದನ್ನೇ. ಆಗ ಸಿನಿಮಾ ಸಂಗೀತ ಅಂದರೆ ದೊಡ್ಡ ಆರ್ಕೆಸ್ಟ್ರಾ ಅಂತಲೇ ಲೆಕ್ಕ.

ಅವರ ಇನ್ನೊಂದು ಹುಚ್ಚು ಅಂದರೆ ಸಮುದ್ರ. ಸಮುದ್ರದಾಳದ ಚಿತ್ರಗಳಿಗೆ ಹೆಸರಾದ ಕೂಸ್ತೋ ಅವರ ಅಂಟಾರ್ಕ್ಟಿಕಾ ಚಿತ್ರಕ್ಕೆ ಮಾಡಿದ ಸಂಗೀತ ಬೇಡ ಅನ್ನಿಸಿಕೊಂಡು ವಾಪಸ್ ಬಂತು. 1975ರ ನವೆಂಬರ್‌ನಲ್ಲಿ ಟೆನರೀಫ್ ದ್ವೀಪದ ಹತ್ತಿರ ಡೈವಿಂಗ್ ಮಾಡುವಾಗ ದ ರೂಬೇ ತೀರಿಕೊಂಡರು. ಬರೀ 36 ವರ್ಷ. ಮರುವರ್ಷ ಫ್ರಾನ್ಸಿನ ಸಿನಿಮಾ ಪ್ರಶಸ್ತಿಗಳಾದ ಸೀಜರ್‌ನ ಮೊದಲ ಸಮಾರಂಭದಲ್ಲಿ ಸಂಗೀತದ ಪ್ರಶಸ್ತಿ ಅವರಿಗೇ ಬಂತು, ‘ಲ ವ್ಯೂ ಫ್ಯುಸಿ’ ಚಿತ್ರಕ್ಕೆ.

ಬೇಡ ಅಂದಿದ್ದ ಆ ಅಂಟಾರ್ಕ್ಟಿಕಾ ಸಂಗೀತ ಈಗ ಆಲ್ಬಮ್ ಆಗಿ ಸಿಗುತ್ತದೆ. ನನಗೆ ಶಾಪಿ ಶಾಪೋಗಿಂತ ಅದೇ ಜಾಸ್ತಿ ಹಿಡಿಸಿತು. ಕೇಳಿ ನೋಡಿ, ಹೆಡ್‌ಫೋನ್ ಹಾಕಿಕೊಂಡು.