ಟೇಪ್ ಕತ್ತರಿಸದ ಡಬ್ಬಗಳು

ಪೀಣ್ಯದಲ್ಲಿ ನಮ್ಮದೊಂದು ಚಿಕ್ಕ ಮಷೀನ್ ಶಾಪ್ ಇದೆ. ಮೂರು ವರ್ಷದ ಹಿಂದೆ ಒಂದು ದೊಡ್ಡ ಕಂಪನಿಯ ಹೊಸ ಲೈನಿಗೆ 84 ಲಕ್ಷದ ಬಿಡಿಭಾಗ ಮಾಡಿಕೊಟ್ಟೆವು. ಪ್ಲೇಟಿಂಗ್‌ನವರು ಕೈಕೊಟ್ಟರು, ಮಾಲು ಹೋಗುವಷ್ಟರಲ್ಲಿ ಹತ್ತು ವಾರ ತಡ. ದುಡ್ಡು ಬಂದಾಗ ನೋಡಿದರೆ 8.4 ಲಕ್ಷ ಕಟ್! ಕಾರಣ ಕೇಳಿದ್ದಕ್ಕೆ 'ಎಲ್‌ಡಿ' ಅಂತ ಎರಡಕ್ಷರ. ಲಿಕ್ವಿಡೇಟೆಡ್ ಡ್ಯಾಮೇಜಸ್, ಅಂದರೆ ತಡವಾದರೆ ಇಷ್ಟು ಅಂತ ಮೊದಲೇ ಬರೆದುಕೊಂಡ ಪರಿಹಾರ. ಪಿಒ, ಅಂದರೆ ಅವರು ಕೊಟ್ಟ ಖರೀದಿ ಆದೇಶದ ಹಿಂಬದಿಯ ಸಣ್ಣಕ್ಷರದಲ್ಲಿತ್ತು: ವಾರಕ್ಕೆ 1 ಪರ್ಸೆಂಟ್, ಹೆಚ್ಚೆಂದರೆ 10. ಓದದೆ ಸಹಿ ಹಾಕಿದವನು ನಾನೇ.

'ಅವರಿಗೇನು ನಷ್ಟ ಆಯ್ತು, ತೋರಿಸಲಿ' ಅಂದೆ. ವಕೀಲರು ನಕ್ಕು 2003ರ ಒಎನ್‌ಜಿಸಿ-ಸಾ ಪೈಪ್ಸ್ ಕೇಸ್ ಹೇಳಿದರು. ಸರ್ಕಾರಿ ತೈಲ ಕಂಪನಿ ಒಎನ್‌ಜಿಸಿ, ಪೈಪ್ ಮಾಡುವ ಸಾ ಪೈಪ್ಸ್‌ಗೆ ಕೊಟ್ಟಿದ್ದ, ತೈಲಬಾವಿಗೆ ಇಳಿಸುವ ಕೇಸಿಂಗ್ ಪೈಪಿನ ಆರ್ಡರ್. 1996ರಲ್ಲಿ ಯುರೋಪಿನ ಸ್ಟೀಲ್ ಕಾರ್ಮಿಕರು ಮುಷ್ಕರ ಹೂಡಿ ಕಚ್ಚಾ ಮಾಲು ತಡವಾಯಿತು, ಒಎನ್‌ಜಿಸಿ ಹೆಚ್ಚು ಸಮಯವೇನೋ ಕೊಟ್ಟಿತು, ಆದರೆ ಎಲ್‌ಡಿ ಹಿಡಿಯುತ್ತೇವೆ ಅಂತ ಹೇಳಿಯೇ ಕೊಟ್ಟಿತು. ನಷ್ಟ ಸಾಬೀತಾಗಿಲ್ಲ, ಹಿಡಿದ ಹಣ ವಾಪಸ್ ಕೊಡಿ ಅಂದರು ಆರ್ಬಿಟ್ರೇಟರ್‌ಗಳು, ಅಂದರೆ ಕೋರ್ಟಿನ ಹೊರಗೆ ತೀರ್ಪು ಕೊಡುವ ಮಧ್ಯಸ್ಥರು. ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಬರೆದುಕೊಂಡ ಮೊತ್ತ ಪ್ರಾಮಾಣಿಕ ಅಂದಾಜಾಗಿದ್ದರೆ ನಷ್ಟದ ಲೆಕ್ಕ ಕೊಡಬೇಕಿಲ್ಲ, ಅದು ಜಾಸ್ತಿ ಅಂತ ತೋರಿಸುವ ಹೊಣೆ ತಡ ಮಾಡಿದವನದ್ದು.

ಸಮಯ ಕೊಡುತ್ತೇವೆ, ಆದರೆ ಎಲ್‌ಡಿ ಹಿಡಿಯುತ್ತೇವೆ ಅಂತ ನಮಗೂ ಅಂಥದ್ದೇ ಮೇಲ್ ಬಂದಿತ್ತಲ್ವಾ. ಎದೆ ಧಸಕ್ ಅಂತು.

ಆದರೆ 1872ರ ಕರಾರು ಕಾಯ್ದೆಯ 74ನೇ ಸೆಕ್ಷನ್ ಬರೆದಷ್ಟನ್ನೂ ಕೊಡಿ ಅನ್ನುವುದಿಲ್ಲ, ಅದರ ಒಳಗೆ ನ್ಯಾಯವಾದಷ್ಟು ಅನ್ನುತ್ತದೆ. 2015ರ ಕೈಲಾಶ್ ನಾಥ್ ಕೇಸಿನಲ್ಲಿ ಸುಪ್ರೀಂ ಕೋರ್ಟೇ, ನಷ್ಟವೇ ಆಗದಿದ್ದರೆ ಪರಿಹಾರವೂ ಇಲ್ಲ ಅಂದಿದೆ. ಸರಿ, ಆಗಿಲ್ಲ ಅಂತ ನಾನು ಹೇಗೆ ತೋರಿಸಲಿ?

ತೋರಿಸಿದ್ದು ನಮ್ಮ ಟೆಂಪೋ ಡ್ರೈವರ್. ಕೊನೆಯ ಲಾಟ್ ಇಳಿಸುವಾಗ ಆತ ಸುಮ್ನೆ ಒಂದು ಫೋಟೋ ತೆಗೆದಿದ್ದ. ಆರು ವಾರ ಮೊದಲು ಕಳಿಸಿದ ಡಬ್ಬಗಳು ಅವರ ಗೋಡೌನಿನ ಮೂಲೆಯಲ್ಲಿ, ನಮ್ಮ ಕಂದು ಟೇಪ್ ಹಾಗೇ ಇದೆ, ಮೇಲೆ ಬೆರಳಲ್ಲಿ ಹೆಸರು ಬರೆಯುವಷ್ಟು ಧೂಳು. ಅವರ ಮಷೀನೇ ಇನ್ನೂ ಬಂದಿರಲಿಲ್ಲ! ನಮ್ಮ ಕೇಸೂ ಆರ್ಬಿಟ್ರೇಟರ್ ಮುಂದೆ ಹೋಯಿತು, ಅಲ್ಲಿ ಪಾಟೀಸವಾಲಿನಲ್ಲಿ ಅವರ ಸ್ಟೋರ್ಸ್ ಮ್ಯಾನೇಜರ್ ತಡವರಿಸುತ್ತಾ ಒಪ್ಪಿಕೊಂಡರು.

6 ಲಕ್ಷ ವಾಪಸ್ ಕೊಡಿ ಅಂತ ಆರ್ಬಿಟ್ರೇಟರ್ ತೀರ್ಪು ಕೊಟ್ಟರು. ಉಳಿದದ್ದು ಅವರ ಇನ್‌ಸ್ಪೆಕ್ಟರ್‌ಗಳು ನಮ್ಮಲ್ಲಿಗೆ ಎರಡೆರಡು ಸಲ ಬಂದ ಖರ್ಚಿಗೆ ಅಂತ ಹೋಯಿತು. ಫೀಸು ಕಳೆದರೆ ಕೈಯಲ್ಲಿ ಉಳಿಯುವುದು ಅಷ್ಟಕ್ಕಷ್ಟೆ. ಅದೂ ಇನ್ನೂ ಬಂದಿಲ್ಲ, ತೀರ್ಪು ರದ್ದು ಮಾಡಿ ಅಂತ ಆರ್ಬಿಟ್ರೇಷನ್ ಕಾಯ್ದೆಯ ಸೆಕ್ಷನ್ 34ರಲ್ಲಿ ಅವರು ಕಮರ್ಷಿಯಲ್ ಕೋರ್ಟಿಗೆ ಹೋಗಿದ್ದಾರೆ. ಡ್ರೈವರ್‌ಗೆ ಮಾತ್ರ ಹೊಸ ಫೋನ್ ಕೊಡಿಸಿದ್ದಾಯಿತು.